ಅಂಗಡಿಯವನು ಉಣ್ಣದ ಬುತ್ತಿ

ಹರಿಹರದಿಂದ ದಾವಣಗೆರೆಗೆ ಬಸ್ಸಿನಲ್ಲಿ ಅರ್ಧ ಗಂಟೆ. ಅಷ್ಟೂ ಹೊತ್ತು ಸರ್ವಮಂಗಳಮ್ಮ ತಮ್ಮ ಕೈಯನ್ನೇ ಬೈದುಕೊಂಡರು. ಒಂದು ವರ್ಷದಿಂದ ಗಂಡನಿಗೆ ಕೇಡು ಬಡಿಸಿದ ಕೈ ಅದು.

ಹೋದ ವರ್ಷ ಗಂಡ ಶಿವಮೂರ್ತಪ್ಪನವರಿಗೆ ಎದೆ ಹಿಡಿದಾಗ, ರಕ್ತದಲ್ಲಿ ಕೊಬ್ಬು ಜಾಸ್ತಿಯಾಗಿದೆ, ಬೆಣ್ಣೆ ತುಪ್ಪ ಬಿಡಿಸಿ ಎಂದಿದ್ದರು ಡಾಕ್ಟರು. ಪಕ್ಕದ ಕೊಂಡಜ್ಜಿ ಹಳ್ಳಿಯಿಂದ ಬರುತ್ತಿದ್ದ ಬೆಣ್ಣೆ ಅಂದೇ ನಿಂತಿತು. ದಾವಣಗೆರೆಯ ಮಂಡಿಪೇಟೆಯಲ್ಲಿ ಎಣ್ಣೆಯಿಂದ ಮಾಡುವ ವನಸ್ಪತಿ ತುಪ್ಪದ ಸಗಟು ವ್ಯಾಪಾರ ಮಾಡುವ ಮಗ ಮಹಾಂತೇಶ ದೊಡ್ಡ ಡಬ್ಬಿಯನ್ನೇ ಕಳಿಸಿದ. "ಇದ್ರಾಗ ಕೊಲೆಸ್ಟ್ರಾಲ್ ಇಲ್ಲವ್ವ, ಡಬ್ಬಿ ಮ್ಯಾಲೇ ಬರ್ದಾರೆ" ಅಂದ. ಸುಳ್ಳೂ ಅಲ್ಲ. ಇಲ್ಲವಲ್ಲ ಎಂಬ ಧೈರ್ಯಕ್ಕೆ ಆಕೆ ಒಗ್ಗರಣೆಗೆ, ಹೋಳಿಗೆಗೆ, ಉಪ್ಪಿಟ್ಟಿಗೆ ಅದನ್ನು ಧಾರಾಳವಾಗಿ ಸುರಿದರು.

ನಿನ್ನೆ ರಿಪೋರ್ಟು ಬಂತು. ಕೊಬ್ಬು ಮೊದಲಿಗಿಂತ ಏರಿತ್ತು. ಅಡುಗೆಗೆ ಏನು ಬಳಸುತ್ತೀರಿ ಎಂದು ಕೇಳಿ ಡಾಕ್ಟರು ಹಣೆ ಚಚ್ಚಿಕೊಂಡರು. ಅದರೊಳಗೆ ಕೊಲೆಸ್ಟ್ರಾಲ್ ಇರದಿದ್ದರೂ ಹೊಟ್ಟೆಗೆ ಹೋದ ಮೇಲೆ ರಕ್ತದಲ್ಲಿ ಕೆಟ್ಟ ಕೊಬ್ಬು ಏರಿಸುತ್ತದಂತೆ, ಬೆಣ್ಣೆಗಿಂತ ಕಡೆಯಂತೆ. ಹೀಗೇ ಬಿಟ್ಟರೆ ಹೃದಯದ ನಾಳ ಕಟ್ಟಿಕೊಂಡೀತು ಅಂದರು.

ಪಾಪ, ಮಗನಿಗೂ ಗೊತ್ತಿರಲಿಕ್ಕಿಲ್ಲ, ಅವನ ಮನೆಯಲ್ಲೂ ಅದೇ ತಿನ್ನುತ್ತಿರಬೇಕು ಎಂದು ಎಚ್ಚರಿಸಲು ಓಡಿಬಂದಿದ್ದರು. ಅಂಗಡಿ ಮುಂದೆ ಡಬ್ಬಿ ಇಳಿಸುತ್ತಿದ್ದ ಹಮಾಲಿ ಪಾಲಯ್ಯ, ಬಂದಾಗಲೆಲ್ಲ ಮಗನಿಗೆ ಬುತ್ತಿ ತರುತ್ತಿದ್ದ ಅವರ ಬರಿಗೈ ನೋಡಿ ನಕ್ಕ.

"ಇವತ್ತು ಬುತ್ತಿ ಇಲ್ಲೇನ್ರಿ ಅವ್ವಾರೆ? ನಿಮ್ಮ ಹೋಳಿಗೆ ಅಂದ್ರೆ ನಮಗೆ ಹಬ್ಬ. ಸಾಹುಕಾರ್ರು ವನಸ್ಪತಿದು ಮುಟ್ಟಂಗಿಲ್ಲ, ಎಲ್ಲಾ ನಮಗೇ ಕೊಡ್ತಾರೆ."

ಸರ್ವಮಂಗಳಮ್ಮ ಸೀದಾ ಒಳಗೆ ಹೋಗಿ, ಸೊಸೆ ಅಂಕಿತಾ ಗಂಡನಿಗೆ ಕಳಿಸಿದ್ದ ಊಟದ ಕ್ಯಾರಿಯರ್ ಬಿಚ್ಚಿ ಮೂಸಿದರು. ಗಾಣದ ಶೇಂಗಾ ಎಣ್ಣೆ.

ಮಹಾಂತೇಶ ತಡವರಿಸಿದ. ವನಸ್ಪತಿ ಒಳ್ಳೆಯದಲ್ಲ ಅಂತ ಅಂಕಿತಾ ಎಲ್ಲೋ ಓದಿದಳು, ಒಬ್ಬೊಬ್ಬ ಡಾಕ್ಟರು ಒಂದೊಂದು ಹೇಳುತ್ತಾರೆ, ಮಾರುವವನೇ ಬೇಡ ಅಂದರೆ ವ್ಯಾಪಾರ ಹೇಗೆ ನಡೆದೀತು ಎಂದೆಲ್ಲ ಅಂದ.

"ಹೆಂಡ್ತಿ ಮಕ್ಕಳನ್ನ ಕಾಯ್ದಿ. ಹಮಾಲರು ಹಾಳಾಗಲಿ ಅಂದಿ. ನಿಮ್ಮಪ್ಪಗೆ ಯಾಕ ಹೇಳಲಿಲ್ಲೋ?"

ತಾಯಿ ಕ್ಯಾರಿಯರ್ ಮುಚ್ಚಿ ಕೈಗೆತ್ತಿಕೊಂಡರು.

"ಇದನ್ನ ಇವತ್ತು ನಿಮ್ಮಪ್ಪ ಉಣ್ತಾರೆ. ನಾಳೆಯಿಂದ ನೀನು ಹರಿಹರಕ್ಕೆ ಬಾ. ಆ ಡಬ್ಬಿ ಇನ್ನೂ ಅರ್ಧ ಐತೆ. ಮುಗಿಯೋ ತನಕ ಅದ್ರಾಗೇ ಮಾಡಿ ಬಡಿಸ್ತೀನಿ, ನನ್ನ ಮುಂದೆ ಕೂತು ಉಣ್ಣು. ಹೆದರಬ್ಯಾಡ, ಅದ್ರಾಗ ಕೊಲೆಸ್ಟ್ರಾಲ್ ಇಲ್ಲ."