ಮೊಬೈಲಿನಲ್ಲಿ ಸೂರ್ಯದರ್ಶನ

ಮಂಗಳೂರಿನ ಆಟಿ ತಿಂಗಳ ಮಳೆ ಯಾರ ವ್ರತವನ್ನೂ ವಿಚಾರಿಸಿ ಸುರಿಯುವುದಿಲ್ಲ. ಸೂರ್ಯನನ್ನು ಕಾಣದೆ ಅನ್ನ ಮುಟ್ಟುವುದಿಲ್ಲವೆಂದು ಹರಕೆ ಹೊತ್ತ ಗಿರಿಜಮ್ಮ ಎರಡು ದಿನದಿಂದ ಬರೀ ಹಾಲು ಕುಡಿದು, ಫ್ಲ್ಯಾಟಿನ ಬಾಲ್ಕನಿಯಲ್ಲಿ ಮೋಡ ನೋಡುತ್ತ ಕುಳಿತಿದ್ದರು. ಹರಕೆ ಯಾರಿಗಾಗಿ? ಹೋದ ವರ್ಷ ಎದೆ ಹಿಡಿದುಕೊಂಡು ಆಸ್ಪತ್ರೆ ಸೇರಿ, ಹೇಗೋ ಬದುಕಿ ಬಂದ ಗಂಡ ಯಜ್ಞನಾರಾಯಣರಿಗಾಗಿ. ಮುರಿದರೆ ಅವರಿಗೇ ಕೇಡು ಎಂಬ ಭಯ.

ಯಜ್ಞನಾರಾಯಣರಿಗೆ ತಾನು ಬದುಕಿದ್ದೇ ತಪ್ಪಾಯಿತೇನೋ ಅನ್ನಿಸಿಬಿಟ್ಟಿತ್ತು. ದೇವಸ್ಥಾನದ ಅರ್ಚಕರಾಗಿದ್ದಷ್ಟು ಕಾಲ ಶಾಸ್ತ್ರದಲ್ಲಿ ಎಳ್ಳಷ್ಟೂ ಬಗ್ಗಿದವರಲ್ಲ. "ಸ್ವಲ್ಪ ಹೊಂದಿಸಿ ಭಟ್ರೇ" ಎಂದವರನ್ನೆಲ್ಲ ಬಂದ ದಾರಿಯಲ್ಲೇ ಕಳಿಸಿದ ಆಸಾಮಿ. ಈಗ ಹೆಂಡತಿ ಊಟದ ಹೊತ್ತಿಗೂ ಹಾಲಿನ ಲೋಟವನ್ನೇ ಹಿಡಿದು ಕೂತದ್ದನ್ನು ನೋಡಲಾರದೆ ಅಡುಗೆಮನೆಗೆ ಬಂದು ನಿಂತರು.

ಕಾಲೇಜಿನಲ್ಲಿ ಭೌತಶಾಸ್ತ್ರ ಕಲಿಸುವ ಸೊಸೆ ರಂಜಿನಿ ಮೊಬೈಲನ್ನು ಅವರ ಮುಂದೆ ಹಿಡಿದಳು. ಕಪ್ಪು ಪರದೆಯಲ್ಲಿ ಚಿನ್ನದ ಬಣ್ಣದ ಸೂರ್ಯ, ಅಂಚಿನಲ್ಲಿ ಬೆಂಕಿಯ ಕಮಾನು.

"ಇದು ಎಲ್ಲಿಯದ್ದು?"

"ಸೂರ್ಯನನ್ನೇ ನೋಡ್ಲಿಕ್ಕೆ ಅಂತ ಬಾಹ್ಯಾಕಾಶಕ್ಕೆ ಬಿಟ್ಟ ದೂರದರ್ಶಕ ಉಂಟು ಮಾವ. ಅಲ್ಲಿ ಮಳೆಯೂ ಇಲ್ಲ, ಮೋಡವೂ ಇಲ್ಲ. ಈಗ ಸ್ವಲ್ಪ ಹೊತ್ತಿಗೆ ಮೊದಲು ತೆಗೆದದ್ದು." ಸುಳ್ಳಾಗಬಾರದೆಂದು ಅವಳೇ ಸೇರಿಸಿದಳು: "ಆದ್ರೆ ಬಣ್ಣ ನಿಜದ್ದಲ್ಲ. ಕಣ್ಣಿಗೆ ಕಾಣದ ಕಿರಣ ಅದು, ಬಣ್ಣ ಆಮೇಲೆ ಹಚ್ಚಿದ್ದು."

"ಅದಕ್ಕೆಂತ? ಅಲಂಕಾರ ಇಲ್ಲದ ದೇವರು ಎಲ್ಲಿ ಉಂಟು ಮಾರಾಯ್ತಿ?"

ಮೊಬೈಲನ್ನು ಎರಡೂ ಕೈಯಲ್ಲಿ ಹಿಡಿದು ಹೆಂಡತಿಯ ಬಳಿಗೆ ಬಂದರು.

"ಗಿರಿಜಾ, ಸೂರ್ಯ ದೇವರು ಇಲ್ಲಿದ್ದಾರೆ. ನೋಡು, ಊಟ ಮಾಡು."

"ಶಾಸ್ತ್ರದಲ್ಲಿ ಉಂಟಾ?"

ಇದೇ ಪ್ರಶ್ನೆಗೆ ಊರಿಗೆಲ್ಲ ಖಡಾಖಂಡಿತ ಉತ್ತರ ಹೇಳಿದ ಬಾಯಿ ಅದು.

"ಉಂಟು."

"ಯಾವುದರಲ್ಲಿ?"

"ಒಂದು... ಹಳೆಯ ಗ್ರಂಥದಲ್ಲಿ. ಬಿಂಬ ಕಾಣದಿದ್ರೆ ಪ್ರತಿಬಿಂಬ ಆಗ್ತದೆ ಅಂತ." ಅವರ ಕಿವಿ ಕೆಂಪಾಯಿತು.

ಗಿರಿಜಮ್ಮ ಗಂಡನ ಮುಖವನ್ನೇ ನೋಡಿದರು. ಇಷ್ಟು ವರ್ಷ ಜೊತೆಗೆ ಬಾಳಿದವರಿಗೆ ಆ ಕೆಂಪು ಕಿವಿ ಏನು ಹೇಳುತ್ತಿದೆಯೆಂದು ಬೇರೆ ಯಾರೂ ತಿಳಿಸಬೇಕಾಗಿರಲಿಲ್ಲ. ನಗು ಬಂತು, ಕಣ್ಣೂ ತುಂಬಿತು. ಮೊಬೈಲನ್ನು ಮಡಿಲಲ್ಲಿಟ್ಟುಕೊಂಡು ಕೈಮುಗಿದರು.

"ದೇವರೇ, ಇವರು ಸುಳ್ಳು ಹೇಳಿದ್ದು ಇದೇ ಮೊದಲು. ಸರಿಯಾಗಿ ಹೇಳ್ಲಿಕ್ಕೂ ಬರುವುದಿಲ್ಲ, ಪಾಪ. ಇದೊಂದು ಮಾಫಿ ಮಾಡಿ, ಇವರಿಗೆ ಆಯುಸ್ಸು ಕೊಡಿ."

ಆಮೇಲೆ ಗಂಡನಿಗೆ ಹೇಳಿದರು: "ಗಂಜಿ ಬಡಿಸಿ."