ಸತ್ಯವ್ವನ ಪಶ್ಚಾತ್ತಾಪ

"ಏ ಫಾಶಿ! ಸೆರಗ ಸರಿ ಹೊದ್ಕೊಳ್ಳಬೇ. ಅಜ್ಜಾರ ಮುಂದ ಹಡಬಿಟ್ಟಿಗತೆ ನಿಂದ್ರಬ್ಯಾಡ."

ವಾರ್ಡರ್ ಕಾಂತಾ ಸತ್ಯವ್ವನ ಬೆನ್ನಿಗೆ ಲಾಠಿ ತಿವಿದಳು. ಗಲ್ಲುಶಿಕ್ಷೆಯಾದ ಇಬ್ಬರು ಹೆಂಗಸರಿಗೂ ಆ ಜೈಲಿನಲ್ಲಿ ಅದೇ ಹೆಸರು. ಇನ್ನೊಬ್ಬಳು ನಸೀಬಾ, ನಿದ್ದೆಯಲ್ಲಿ "ಹಗ್ಗಾ, ಹಗ್ಗಾ" ಎಂದು ಒದರುವವಳು.

ಸತ್ಯವ್ವ ಖಾನಾಪುರದ ಹೊರಗೆ ಇಟ್ಟಂಗಿ ಭಟ್ಟಿಯಲ್ಲಿ ಮಣ್ಣು ತುಳಿಯುತ್ತಿದ್ದಳು. ಮಾಲಕ ಗುರುಪುತ್ರಪ್ಪನ ತಮ್ಮನೂ ಮಗನೂ ಅವಳ ಮಗಳು ಸಾಕ್ಷಿಯನ್ನು ಶೆಡ್ಡಿಗೆ ಎಳೆದೊಯ್ದು ಕೆಡಿಸಿ ಕೊಂದರು. ಹೆಣವನ್ನು ಗುರುಪುತ್ರಪ್ಪ ಉರಿಯುವ ಭಟ್ಟಿಗೆ ಹಾಕಿಸಿದ.

"ಹೆಣಾನ ಇಲ್ಲಂದ್ರ ಕೇಸ್ ಎಲ್ಲಿಂದ ತರ್ಲಿಬೇ? ಯಾವನ ಕೂಡನೋ ಓಡಿ ಹೋಗಿರಬೇಕ ನಿನ್ನ ಮಗಳು," ಎಂದು ಠಾಣೆಯಲ್ಲಿ ಫೌಜದಾರ ನಕ್ಕ.

ಅದೇ ವಾರ ಸತ್ಯವ್ವ ಕುಡುಗೋಲು ಹಿಡಿದು ಆ ತಮ್ಮನನ್ನೂ ಮಗನನ್ನೂ ಕೊಚ್ಚಿಹಾಕಿದಳು. ಅವರ ಹೆಣಗಳು ಸಿಕ್ಕವು. ಬೆಳಗಾವಿಯ ಕೋರ್ಟಿನಲ್ಲಿ ಕೇಸು ಬೇಗ ಮುಗಿಯಿತು.

ಇವತ್ತು ಜೈಲಿನಲ್ಲಿ ಮನಃಪರಿವರ್ತನೆಯ ಶಿಬಿರ. ವೇದಿಕೆಯ ಮೇಲೆ ಎಲ್ಲರೂ ಅಜ್ಜಾರು ಎನ್ನುವ ಸ್ವಾಮಿಗಳು, ಪಕ್ಕದಲ್ಲಿ ಶಾಲು ಹೊದ್ದ ಗುರುಪುತ್ರಪ್ಪ. ಕೈದಿಗಳಿಗೆ ಹುಗ್ಗಿಯ ಊಟ ಅವನದೇ.

ಜೈಲರ್ ಬಗ್ಗಿ ಹೇಳಿದ, "ಸಾವ್ಕಾರ್ರ ಕಾಲ ಮುಟ್ಟಿ ತಪ್ಪಾತ್ರಿ ಅನ್ನು. ಫೋಟೋ ತಗೀತಾರ, ದಿಲ್ಲಿಗೆ ಹೋಗಿರೋ ನಿನ್ನ ದಯಾ ಅರ್ಜಿಗೆ ಉಪಯೋಗ ಆಕ್ಕೈತಿ."

ನಸೀಬಾ ಸೆರಗು ಜಗ್ಗಿದಳು. "ಅಂದಬಿಡ ಅಕ್ಕಾ. ಬಾಯಿಮಾತು. ಜೀವ ಉಳೀತೈತಿ."

ಸತ್ಯವ್ವನಿಗೂ ಬದುಕುವ ಆಸೆಯಿತ್ತು. ಹೋಗಿ ಬಗ್ಗಿದಳು. ಪಾಲಿಶ್ ಮಾಡಿದ ಬೂಟಿನ ವಾಸನೆ ಮೂಗಿಗೆ ಬಡಿಯಿತು.

ಸ್ವಾಮಿಗಳು ಮೈಕಿನಲ್ಲಿ, "ಸಿಟ್ಟು ಹೆಣ್ಣಿಗಿ ಶೋಭಾ ಅಲ್ಲ ಯವ್ವಾ. ಆ ಹುಡುಗಿ ನಡತಿ ಛಲೋ ಇದ್ದಿದ್ರ ಇಷ್ಟೆಲ್ಲಾ ಆಗ್ತಿದ್ದಿಲ್ಲ," ಎಂದರು. ಗುರುಪುತ್ರಪ್ಪ ತಲೆಯಾಡಿಸಿದ.

ಸತ್ಯವ್ವ ನೆಟ್ಟಗಾದಳು. ಸ್ವಾಮಿಗಳ ಕೈಯಿಂದ ಮೈಕು ಕಿತ್ತುಕೊಂಡಳು.

"ತಪ್ಪಾತ್ರಿ ಅಜ್ಜಾರ. ಖರೇನ ತಪ್ಪಾತು. ಇಬ್ಬರನ್ನ ಕಡದೆ, ನನ್ನ ಮಗಳನ್ನ ಸುಟ್ಟ ಈ ಭಾಡ್ಯಾನ್ನ ಬಿಟ್ಟೆ."

ಗುರುಪುತ್ರಪ್ಪನ ಶಾಲಿನ ಮೇಲೆ ಕ್ಯಾಕರಿಸಿ ಉಗುಳಿದಳು. ಕಾಂತಾಳ ಲಾಠಿ ತಲೆಗೆ ಬಿತ್ತು. ಇಬ್ಬರು ಪೊಲೀಸರು ಅವಳನ್ನು ಕೂದಲು ಹಿಡಿದು ಎಳೆದೊಯ್ದರು.

ಗುರುಪುತ್ರಪ್ಪ ಶಾಲು ಒರೆಸಿಕೊಳ್ಳುತ್ತಿದ್ದ. ಕಾರ್ಯಕ್ರಮ ಕೆಡಬಾರದೆಂದು ಜೈಲರ್ ನಸೀಬಾಳತ್ತ ಬೆರಳು ಮಾಡಿದ. "ಏ, ನೀ ಬಾ. ಅಜ್ಜಾರ ಕಾಲಿಗೆ ಬೀಳು."

ನಸೀಬಾ ಏಳಲಿಲ್ಲ. ಕಾಂತಾ ರಟ್ಟೆ ಹಿಡಿದು ಎಬ್ಬಿಸಿದಳು. ಕೈ ಬಿಟ್ಟ ಕೂಡಲೇ ಅವಳು ಮತ್ತೆ ನೆಲಕ್ಕೆ ಕೂತಳು.