ಕೊಳಲು ಉಸಿರೆಳೆಯುವ ಜಾಗ

"ಇಲ್ಲಿ ಉಸಿರೆಳ್ಕೊಳ್ಳೋಕೆ ಜಾಗಾನೇ ಬಿಟ್ಟಿಲ್ವಲ್ಲ ಸ್ವಾಮಿ! ಊದ್ತಾ ಊದ್ತಾ ನಾನು ಸಾಯ್ಬೇಕಾ?" ತಾಲೀಮಿನ ನಡುವೆ ಮುದುಕ ಹವ್ರಾನೆಕ್ ಕೊಳಲನ್ನು ತೊಡೆಯ ಮೇಲಿಟ್ಟು ಗೊಣಗಿದ. ಪಿಟೀಲಿನವರು ಕಿಸಕ್ಕನೆ ನಕ್ಕರು.

ಪ್ರಾಗ್‌ನ ಆ ಥಂಡಿ ಸಭಾಂಗಣದ ಕೊನೆಯ ಸಾಲಿನಲ್ಲಿ ಕೂತಿದ್ದ ಲುಡ್ಮಿಲಾ ನಗಲಿಲ್ಲ. ಅವಳ ಪೆಟ್ಟಿಗೆ ಹೊರಗೆ ಬಾಡಿಗೆ ಗಾಡಿಯಲ್ಲಿತ್ತು. ಅಕ್ಕನ ಊರಿಗೆ ಹೋದರೆ ಮತ್ತೆ ಬರುವುದಿಲ್ಲವೆಂದು ಗಂಡ ಓತಕಾರನಿಗೆ ಹೇಳಿಯಾಗಿತ್ತು. "ಹೋಗೋಕೆ ಮುಂಚೆ ನನ್ನ ಸಿಂಫನಿ ಒಂದ್ಸಲ ಕೇಳು" ಎಂದಷ್ಟೇ ಅವನು ಬೇಡಿಕೊಂಡಿದ್ದ.

ಆ ಸಿಂಫನಿ ಎಂದರೆ ಅವಳ ಹೊಟ್ಟೆಗೆ ಬೆಂಕಿ ಬೀಳುತ್ತಿತ್ತು. ಚಳಿಗಾಲದಲ್ಲಿ ಮಗಳು ಬೆಟೂಷ್ಕಾ ಗಂಟಲಮಾರಿ ರೋಗ ಬಂದು ಉಸಿರಿಗಾಗಿ ಒದ್ದಾಡುತ್ತಿದ್ದರೆ, ಈ ಮಹಾರಾಯ ಹಾಸಿಗೆಯ ಪಕ್ಕದಲ್ಲೇ ಕೂತು ಸ್ವರ ಬರೆಯುತ್ತಿದ್ದ. ಇಂಥ ಕಲ್ಲೆದೆಯವನ ಜೊತೆ ಇನ್ನು ಬಾಳುವುದಾಗದು ಎಂದು, ಮಗಳನ್ನು ಮಣ್ಣು ಮಾಡಿ ಬಂದ ದಿನವೇ ತೀರ್ಮಾನಿಸಿದ್ದಳು.

ಈಗ ಕೇಳಿದ ಮೇಲೆ ಗೊತ್ತಾಯಿತು. ಎಳೆದು, ತಡೆದು, ಮತ್ತೆ ಎಳೆಯುವ ಆ ಕೊಳಲು ಬೇರೇನೂ ಅಲ್ಲ, ಬೆಟೂಷ್ಕಾಳ ಉಸಿರು.

"ಅಲ್ಲಿ ಉಸಿರಿಲ್ಲ" ಎಂದು ಓತಕಾರ್ ಹವ್ರಾನೆಕನಿಗೆ ಹೇಳುತ್ತಿದ್ದ. "ಹೇಗಿದೆಯೋ ಹಾಗೇ ಊದಿ."

"ಇತ್ತು."

ಎಲ್ಲರೂ ತಿರುಗಿ ನೋಡಿದರು. ಲುಡ್ಮಿಲಾ ಎದ್ದು ಮುಂದೆ ಬಂದಿದ್ದಳು.

"ಇತ್ತು ಕಣ್ರೀ. ಆಗ ನೀವು ಪೆನ್ಸಿಲ್ ಕೈಲಿಟ್ಕೊಂಡೇ ತೂಕಡಿಸಿಬಿಟ್ರಿ. ನಾನೂ ಎಬ್ಬಿಸ್ಲಿಲ್ಲ. ಬೆಟೂಷ್ಕಾ ಉದ್ದಕ್ಕೆ ಒಂದು ಉಸಿರು ತಗೊಂಡ್ಳು. ನಿಮ್ಮ ಕಡೆ ನೋಡಿದ್ಳು."

ಓತಕಾರನ ಮುಖ ಬಿಳಿಚಿಕೊಂಡಿತು.

"ಆಮೇಲೆ?"

"ಆಮೇಲಿಲ್ಲ."

ಅವನು ಹವ್ರಾನೆಕನ ಹಾಳೆಯ ಮೇಲೆ ಬಗ್ಗಿ ಅಲ್ಲೊಂದು ಉಸಿರಿನ ಗುರುತು ಹಾಕಿದ. ಅದರಾಚೆಗೆ ಒಂದೇ ಒಂದು ಸ್ವರ ಉಳಿಸಿ, ಮಿಕ್ಕಿದ್ದನ್ನೆಲ್ಲ ಹೊಡೆದುಹಾಕಿದ. ಪೆನ್ಸಿಲಿನ ಮೊನೆ ಮುರಿಯಿತು. ಪಿಟೀಲಿನವರು ತಲೆ ತಗ್ಗಿಸಿದ್ದರು.

"ಹೋಗ್ಬೇಡ ಮಿಲಾ" ಎಂದ, ತಲೆಯೆತ್ತದೆ.

"ಗಾಡಿ ಕಾಯ್ತಿದೆ ರೀ. ಊದ್ಸಿ, ಕೇಳ್ಕೊಂಡು ಹೋಗ್ತೀನಿ."

ಬಾಗಿಲ ಹಿಡಿಯ ಮೇಲೆ ಕೈಯಿಟ್ಟು ಅವಳು ನಿಂತಳು. ಕೊಳಲು ಆ ಜಾಗಕ್ಕೆ ಬಂತು. ಹವ್ರಾನೆಕ್ ಇಡೀ ಸಭಾಂಗಣಕ್ಕೆ ಕೇಳುವಂತೆ ಉಸಿರೆಳೆದುಕೊಂಡ. ಜೊತೆಗೆ ಅವಳೂ ಎಳೆದುಕೊಂಡಳು. ಒಂದು ಸ್ವರ ಊದಿ ಮುದುಕ ಕೊಳಲನ್ನು ಕೆಳಗಿಳಿಸಿದ. ಪಿಟೀಲುಗಳಷ್ಟೇ ಮುಂದುವರಿದವು.

ಲುಡ್ಮಿಲಾ ಹೊರಗೆ ಬಂದು, ಒಳಗೆ ಮಗು ಮಲಗಿದೆಯೇನೋ ಎಂಬಂತೆ, ಸದ್ದಾಗದ ಹಾಗೆ ಬಾಗಿಲು ಮುಚ್ಚಿದಳು.